ವಯಸ್ಕರ ಚಿತ್ರಗಳಲ್ಲಿ ಕ್ಯಾಮೆರಾ ಯಾಕೆ ಡಾಕ್ಯುಮೆಂಟರಿ ಥರ ಅಲ್ಲಾಡುತ್ತದೆ?

ಕ್ಯಾಮೆರಾ ಅಲ್ಲಾಡುತ್ತದೆ, ಅದನ್ನು ಹಿಡಿದವನೇ ಮಧ್ಯೆ ಮಾತಾಡುತ್ತಾನೆ, ನಟರು ನೇರವಾಗಿ ಲೆನ್ಸ್ ನೋಡುತ್ತಾರೆ, ಹಾಗಾದರೆ ಇದೆಲ್ಲ ಪ್ಲಾನ್ ಇಲ್ಲದೆ ತೆಗೆದದ್ದಾ ಅಂತ ಕೇಳಿದ್ದೀರಿ. ಬಹುತೇಕ ಇಲ್ಲ. ನಾನು ಡಾಕ್ಯುಮೆಂಟರಿಗಳಿಗೆ ಕ್ಯಾಮೆರಾ ಹಿಡಿಯುವವನು, ಆ ಉದ್ಯಮದವನಲ್ಲ. ಆದರೆ ಕೈಚಳಕ ಎರಡೂ ಕಡೆ ಒಂದೇ.

ಇದು ಶುರುವಾದದ್ದು ದುಡ್ಡಿನ ಲೆಕ್ಕದಿಂದ. 1970ರ ದಶಕದಲ್ಲಿ ಅಮೆರಿಕದಲ್ಲಿ ಇಂಥ ಚಿತ್ರಗಳನ್ನು ಫಿಲ್ಮ್‌ನಲ್ಲಿ ತೆಗೆದು ಥಿಯೇಟರ್‌ನಲ್ಲಿ ತೋರಿಸುತ್ತಿದ್ದರು. ರೀಲು ದುಬಾರಿ, ಲೈಟು ಬೇಕು, ಹೆಸರಿಗಾದರೂ ಒಂದು ಕಥೆ ಬೇಕು. ಆಮೇಲೆ ಕ್ಯಾಮ್‌ಕಾರ್ಡರ್ ಬಂತು. ಟೇಪು ಅಗ್ಗ, ಎಷ್ಟು ಹೊತ್ತು ಬೇಕಾದರೂ ಓಡಿಸಬಹುದು, ಒಬ್ಬನೇ ಎಲ್ಲ ಮಾಡಬಹುದು. 1989ರ ಹೊತ್ತಿಗೆ ಜಾನ್ ಸ್ಟಾಗ್ಲಿಯಾನೊ ಅನ್ನುವ ನಿರ್ದೇಶಕ ತಾನೇ ಕ್ಯಾಮೆರಾ ಹಿಡಿದು ತಾನೇ ಒಂದು ಪಾತ್ರವೂ ಆಗಿಬಿಟ್ಟ. ಆ ಶೈಲಿಗೆ ಗಾಂಝೊ ಅನ್ನುತ್ತಾರೆ. ಕಡಿಮೆ ಖರ್ಚಿಗೆ ಅಂತ ಮಾಡಿದ್ದು ಜನರಿಗೆ ಹಿಡಿಸಿತು, ಈಗ ದುಡ್ಡಿದ್ದವರೂ ಬೇಕಂತಲೇ ಹಾಗೆ ತೆಗೆಯುತ್ತಾರೆ.

ಈಗ ಸ್ವಲ್ಪ ಹತ್ತಿರದಿಂದ ನೋಡೋಣ. ಶುರುವಿನಲ್ಲಿ ಸೋಫಾ ಮೇಲೆ ಕೂರಿಸಿ ಮಾತಾಡಿಸುವ ಭಾಗ ಇರುತ್ತದಲ್ವಾ? ನಟಿ ನಗುತ್ತಾಳೆ, ಕ್ಯಾಮೆರಾ ಹತ್ತಿರ ಹೋಗುತ್ತದೆ, ಫೋಕಸ್ ಒಂದು ಕ್ಷಣ ತಪ್ಪಿ ಮತ್ತೆ ಕೂರುತ್ತದೆ. ಆ ತಪ್ಪಿದ ಕ್ಷಣವನ್ನು ಎಡಿಟರ್ ಸುಲಭವಾಗಿ ಕತ್ತರಿಸಬಹುದಿತ್ತು, ಆದರೆ ಉಳಿಸಿಕೊಂಡಿರುತ್ತಾರೆ, ಯಾಕಂದರೆ ನೋಡುವವರಿಗೆ ಅದೇ ನಂಬಿಕೆ ಹುಟ್ಟಿಸುವುದು. ಉದ್ದುದ್ದ ಶಾಟ್‌ಗಳೂ ಅದಕ್ಕೇ. ವೈಡ್ ಲೆನ್ಸ್ ಹಾಕುವುದಕ್ಕೆ ಬೇರೆ ಕಾರಣ ಇದೆ: ಚಿಕ್ಕ ಕೋಣೆಯಲ್ಲಿ ಜಾಗ ಸಾಲುವುದಿಲ್ಲ, ಜೊತೆಗೆ ಕೈ ನಡುಕವೂ ಅಷ್ಟಾಗಿ ಕಾಣುವುದಿಲ್ಲ.

ನಾಟಕ ಸಿಕ್ಕಿಬೀಳುವುದು ಜಾಸ್ತಿ ಸೌಂಡ್‌ನಲ್ಲಿ. ಕ್ಯಾಮೆರಾದ ಮೇಲಿನ ಮೈಕ್ ಒಂದೇ ಇದ್ದರೆ ಹಿಡಿದವನ ದನಿ ಜೋರಾಗಿ, ಎದುರಿಗಿರುವವರ ದನಿ ತೆಳ್ಳಗೆ, ಕೋಣೆಯ ಗುಂಯ್‌ಗುಡುವಿಕೆ ಸಮೇತ ಬರುತ್ತದೆ. ಚಿತ್ರ ಅಷ್ಟು ಅಲ್ಲಾಡುತ್ತಿದ್ದರೂ ಮಾತು ಮಾತ್ರ ಸ್ಟುಡಿಯೋ ಥರ ಕೇಳಿಸಿದರೆ ಪಕ್ಕದಲ್ಲೇ ಇನ್ನೊಬ್ಬ ಬೂಮ್ (ಉದ್ದ ಕೋಲಿನ ತುದಿಗೆ ಕಟ್ಟಿದ ಮೈಕ್) ಹಿಡಿದು ನಿಂತಿದ್ದಾನೆ ಅಂದುಕೊಳ್ಳಿ, ಇಲ್ಲಾ ಆಮೇಲೆ ಸೇರಿಸಿದ್ದು. ಇರುವುದು ಒಂದೇ ಕ್ಯಾಮೆರಾ ಅಂತ ತೋರಿಸಿ, ಅದೇ ನಗುವನ್ನು ಇನ್ನೊಂದು ಕೋನದಿಂದ ತೋರಿಸುವವರೂ ಇದ್ದಾರೆ. ಅದು ಸುಮ್ನೆ ಅಜಾಗರೂಕತೆ.

ರಸ್ತೆಯಲ್ಲಿ ಅಪರಿಚಿತರು ಸಿಕ್ಕರು, ಕದ್ದು ತೆಗೆದೆವು ಅನ್ನುವ ಬಗೆ ಇದೆಯಲ್ಲ, ಅದನ್ನಂತೂ ನಂಬಲೇಬೇಡಿ. ಅಮೆರಿಕದಲ್ಲಿ 1988ರಿಂದ ಇರುವ ಕಾನೂನಿನ ಪ್ರಕಾರ ನಿರ್ಮಾಪಕರು ನಟಿಸುವ ಪ್ರತಿಯೊಬ್ಬರ ವಯಸ್ಸಿನ ದಾಖಲೆ ಇಟ್ಟುಕೊಳ್ಳಬೇಕು. ಅಂದರೆ ಕಾನೂನು ಪಾಲಿಸುವ ಕಡೆ ಆ 'ಅಪರಿಚಿತೆ' ಕ್ಯಾಮೆರಾ ಆನ್ ಆಗುವ ಮೊದಲೇ ಗುರುತಿನ ಚೀಟಿ ತೋರಿಸಿ, ಒಪ್ಪಂದಕ್ಕೆ ಸಹಿ ಹಾಕಿರುತ್ತಾಳೆ. ಒಪ್ಪಿಗೆ ಇಲ್ಲದೆ ನಿಜವಾಗಿಯೇ ಕದ್ದು ತೆಗೆದದ್ದಾದರೆ ಎಷ್ಟೋ ದೇಶಗಳಲ್ಲಿ ಜೈಲಾಗುವ ಅಪರಾಧ, ಅಂಥದ್ದು ಕಣ್ಣಿಗೆ ಬಿದ್ದರೆ ಹಂಚದೆ ರಿಪೋರ್ಟ್ ಮಾಡಿ.