ಗೋವಾದ ಹಾಯಿಹಡಗಿನಲ್ಲಿ ಸಂಜೆಯ ಊಟ: ಹೊರಡುವ ಹೊತ್ತನ್ನು ಮೊದಲು ಕೇಳಿ

ಡಿಸೆಂಬರ್ ಮೊದಲ ವಾರದಲ್ಲಿ ವಯಸ್ಸಾದ ತಂದೆ-ತಾಯಿಯನ್ನೂ ಇಬ್ಬರು ಮಕ್ಕಳನ್ನೂ ಕರೆದುಕೊಂಡು ಹುಬ್ಬಳ್ಳಿಯಿಂದ ಪಣಜಿಗೆ ಬರುತ್ತಿದ್ದೀರಿ. ಹಳೆಯ ಕಾಲದ ಹಾಯಿಹಡಗಿನಲ್ಲಿ ಸಂಜೆಯ ಊಟದ ವಿಹಾರ ಮಾಡುವ ಆಸೆ ಇದೆ, ಕೊಡುವ ಹಣಕ್ಕೆ ಅದು ತಕ್ಕದ್ದೇ ಎಂದು ಕೇಳಿದ್ದೀರಿ. ಖಂಡಿತ ತಕ್ಕದ್ದು, ಆದರೆ ಒಂದು ಷರತ್ತಿದೆ. ಹಡಗು ಸೂರ್ಯಾಸ್ತಕ್ಕೆ ಕನಿಷ್ಠ ಎರಡು ಗಂಟೆ ಮೊದಲು ಜೆಟ್ಟಿ ಬಿಡಬೇಕು. ಏಳು ಗಂಟೆಗೋ ಎಂಟು ಗಂಟೆಗೋ ಹೊರಡುವ ಹಡಗಿಗೆ ಹಾಯಿ ಕಟ್ಟುವ ಕೂವೆಮರಗಳು ಎಷ್ಟಿದ್ದರೂ, ಎಷ್ಟು ಹಗ್ಗಗಳು ಜೋತಾಡುತ್ತಿದ್ದರೂ, ನೀವು ಕುಳಿತು ಉಣ್ಣುವುದು ಎಂಜಿನ್ನಿನಿಂದ ಸಾಗುವ ಒಂದು ಹೋಟೆಲಿನಲ್ಲಿ.

ನಾನು ಉತ್ತರ ಕನ್ನಡದ ಕರಾವಳಿಯವನು, ಕೆಲಸದ ನಿಮಿತ್ತ ಬಹುಕಾಲದಿಂದ ಪಣಜಿಯಲ್ಲಿ ನೆಲೆಸಿದ್ದೇನೆ. ಊರಿನಿಂದ ಬರುವ ನೆಂಟರನ್ನೂ ಇಲ್ಲಿನ ಕನ್ನಡದ ಗೆಳೆಯರ ಮನೆಗೆ ಬರುವ ಅತಿಥಿಗಳನ್ನೂ ನದಿಯ ಮೇಲೆ ಕರೆದೊಯ್ಯುವ ಹೊಣೆ ಹೆಚ್ಚಾಗಿ ನನ್ನ ಪಾಲಿಗೆ ಬರುತ್ತದೆ. ಆದ್ದರಿಂದ ಈ ವಿಹಾರಗಳಲ್ಲಿ ಯಾವುದು ಮನಸ್ಸು ತುಂಬುತ್ತದೆ, ಯಾವುದು ಬರಿದೇ ಮುಗಿದುಹೋಗುತ್ತದೆ ಎಂಬುದನ್ನು ಹತ್ತಿರದಿಂದ ನೋಡಿದ್ದೇನೆ.

ಹೊರಡುವ ಹೊತ್ತಿಗೆ ಇಷ್ಟು ಮಹತ್ವ ಏಕೆಂದರೆ, ಹಾಯಿಗೆ ಗಾಳಿ ಬೇಕು, ಊಟಕ್ಕೆ ಅಲುಗದ ನೀರು ಬೇಕು, ಇವೆರಡೂ ಒಂದೇ ಹೊತ್ತಿನಲ್ಲಿ ಸಿಗುವುದಿಲ್ಲ. ಮಳೆಗಾಲ ಕಳೆದ ಮೇಲೆ ಈ ತೀರದಲ್ಲಿ ಗಾಳಿಯ ದಿನಚರಿ ಬಹುಮಟ್ಟಿಗೆ ನಿಶ್ಚಿತವಾಗಿರುತ್ತದೆ. ಬಿಸಿಲೇರಿದಂತೆ ನೆಲ ಕಡಲಿಗಿಂತ ಬೇಗ ಕಾಯುತ್ತದೆ, ನೆಲದ ಮೇಲಿನ ಗಾಳಿ ಹಗುರಾಗಿ ಮೇಲೇರುತ್ತದೆ, ಆ ತೆರವನ್ನು ತುಂಬಲು ಪಡುವಣದಿಂದಲೂ ವಾಯವ್ಯದಿಂದಲೂ ಕಡಲಗಾಳಿ ಒಳಕ್ಕೆ ನುಗ್ಗುತ್ತದೆ. ಅದು ಮಧ್ಯಾಹ್ನದ ಮೇಲೆ ಬಲಗೊಂಡು, ಹೊತ್ತು ಇಳಿದಂತೆ ಕುಗ್ಗಿ, ಕತ್ತಲಾಗುವಷ್ಟರಲ್ಲಿ ಬಹುತೇಕ ನಿಂತುಹೋಗುತ್ತದೆ. ರಾತ್ರಿ ಕಳೆದು ನೆಲ ತಣಿದ ಮೇಲೆ ಘಟ್ಟದ ಕಡೆಯಿಂದ ಕಡಲಿನತ್ತ ಎದುರು ಗಾಳಿ ಬೀಸತೊಡಗುತ್ತದೆ. ಎಂಜಿನ್ ಇಲ್ಲದ ಕಾಲದಲ್ಲಿ ನಮ್ಮ ಕರಾವಳಿಯ ಮೀನುಗಾರರು ನಸುಕಿನ ನೆಲಗಾಳಿಯಲ್ಲಿ ಹಾಯಿ ಬಿಚ್ಚಿ ಹೊರಟು, ಮಧ್ಯಾಹ್ನದ ಕಡಲಗಾಳಿಯಲ್ಲಿ ದಡಕ್ಕೆ ಮರಳುತ್ತಿದ್ದುದು ಈ ಲೆಕ್ಕದ ಮೇಲೆಯೇ. ಡಿಸೆಂಬರ್ ಆರಂಭದಲ್ಲಿ ಪಣಜಿಯಲ್ಲಿ ಸೂರ್ಯ ಸುಮಾರು 6 ಗಂಟೆಗೆ ಮುಳುಗುತ್ತಾನೆ, ಏಪ್ರಿಲ್ ನಡುವಿನಲ್ಲಾದರೆ 6:45ರ ಸುಮಾರಿಗೆ. ಆದ್ದರಿಂದ ನೀವು ಬರುವ ವಾರದಲ್ಲಿ ಹಾಯಿಯ ಹೊತ್ತೆಂದರೆ ನಾಲ್ಕರಿಂದ ಆರು, ಊಟದ ಹೊತ್ತು ಅದರ ನಂತರ. ಈ ಕ್ರಮವನ್ನು ಅರಿತು ಹಡಗು ನಡೆಸುವ ತಾಂಡೇಲರು, ಅಂದರೆ ಹಡಗಿನ ಮುಖ್ಯಸ್ಥರು, ಹಾಯಿ ತುಂಬಿದಾಗ ಚಹಾ ಮತ್ತು ಒಣ ತಿಂಡಿ ಮಾತ್ರ ಕೊಟ್ಟು, ಹೊತ್ತು ಮುಳುಗಿದ ಮೇಲೆ ಆಸರೆಯಿರುವ ನೀರಿನಲ್ಲಿ ಲಂಗರು ಹಾಕಿ ಊಟ ಬಡಿಸುತ್ತಾರೆ.

ಇನ್ನು ದಾರಿಯ ಮಾತು. ಮಾಂಡವಿ ಎಂದರೆ ನಿಮ್ಮ ಸೀಮೆಯ ಮಹದಾಯಿಯೇ. ಖಾನಾಪುರ ತಾಲ್ಲೂಕಿನ ಭೀಮಗಡದ ಕಾಡಿನಲ್ಲಿ ಹುಟ್ಟಿದ ಆ ನದಿ ಪಣಜಿಯನ್ನು ದಾಟಿ ಪಡುವಣಕ್ಕೆ ಬಾಯ್ದೆರೆದು ಕಡಲನ್ನು ಸೇರುತ್ತದೆ. ಉದ್ದನೆಯ ಕೂವೆಮರದ ಹಡಗು ಸೇತುವೆಗಳ ಕೆಳಗೆ ನುಸುಳಲಾರದು. ಹಾಗಾಗಿ ಹಾಯಿಹಡಗಿಗೆ ಉಳಿಯುವುದು ಅಳಿವೆಯ, ಅಂದರೆ ನದಿ ಕಡಲನ್ನು ಸೇರುವ ಬಾಯಿಯ, ಕಡೆಗಿನ ದಾರಿ ಮಾತ್ರ, ಆ ದಾರಿಯಲ್ಲಿ ಸಂಜೆಯ ಗಾಳಿ ನೇರ ಎದುರಿನಿಂದ ಬರುತ್ತದೆ. ಗಾಳಿಗೆ ನೇರವಾಗಿ ಎದುರು ಹೋಗುವ ಹಾಯಿ ಇನ್ನೂ ಹುಟ್ಟಿಲ್ಲ. ಹಿಂದಿನವರು ಓರೆಯಾಗಿ ಎಡಕ್ಕೊಮ್ಮೆ ಬಲಕ್ಕೊಮ್ಮೆ ಹೊರಳುತ್ತ, ಹೊಲದಲ್ಲಿ ನೇಗಿಲು ಹೊರಳಿಸುವಂತೆ, ಸ್ವಲ್ಪಸ್ವಲ್ಪವಾಗಿ ಮುಂದೆ ಸರಿಯುತ್ತಿದ್ದರು. ಇಂದು ಕಿರಿದಾದ ನದಿಯಲ್ಲಿ ಕ್ಯಾಸಿನೊ ಹಡಗುಗಳು, ಅದಿರಿನ ಬಾರ್ಜುಗಳು, ಫೆರಿಗಳ ನಡುವೆ ಹಾಗೆ ಹೊರಳುವುದು ಅಪಾಯ. ಆದ್ದರಿಂದ ಹೋಗುವಾಗ ಎಂಜಿನ್ ಬಳಸಿದರೆ ಅದನ್ನು ಮೋಸವೆಂದು ತಿಳಿಯಬೇಡಿ. ಅಗಲವಾದ ಅಳಿವೆಗೆ ತಲುಪಿದ ಮೇಲೆ ಎಂಜಿನ್ ನಿಲ್ಲಿಸಿ ಹಾಯಿ ಏರಿಸುತ್ತಾರೆಯೇ, ಮರಳುವಾಗ ಬೆನ್ನಿಗೆ ಬರುವ ಗಾಳಿಯಲ್ಲಿ ಸ್ವಲ್ಪ ದೂರವಾದರೂ ಸಾಗುತ್ತಾರೆಯೇ ಎಂಬುದಷ್ಟೇ ಕೇಳಬೇಕಾದ ಪ್ರಶ್ನೆ. ಎಂಜಿನ್ ನಿಂತ ಆ ಗಳಿಗೆಗಾಗಿಯೇ ನಾನು ಈ ವಿಹಾರವನ್ನು ಇಷ್ಟು ಒತ್ತಿ ಹೇಳುತ್ತಿರುವುದು. ನಡುಕ ಅಡಗುತ್ತದೆ, ಹೊಗೆಯ ವಾಸನೆ ಹೋಗುತ್ತದೆ, ಹಗ್ಗಗಳು ಬಿಗಿದು ಹಡಗು ಒಂದು ಮಗ್ಗುಲಿಗೆ ತುಸು ವಾಲಿಕೊಂಡು ತಾನಾಗಿ ಮುಂದಕ್ಕೆ ಹೋಗುತ್ತದೆ. ಅದನ್ನು ಒಮ್ಮೆಯೂ ಅನುಭವಿಸದವರಿಗೆ, ಮನುಷ್ಯರು ಸಾವಿರಾರು ವರ್ಷ ಕಡಲು ದಾಟಿದ್ದು ಹೀಗೆಯೇ ಎಂಬುದು ಓದಿ ತಿಳಿಯುವ ಸಂಗತಿಯಾಗಿಯೇ ಉಳಿದುಬಿಡುತ್ತದೆ.

ದೂರದ ಲೆಕ್ಕವನ್ನೂ ನೋಡಿ. ಪಣಜಿಯ ಜೆಟ್ಟಿಯಿಂದ ಅಳಿವೆಯ ಕೊನೆಯಲ್ಲಿರುವ ಅಗುವಾದದ ತುದಿಗೆ ನೀರಿನ ದಾರಿ ಏಳೆಂಟು ಕಿಲೋಮೀಟರ್. ಮರದ ಹಡಗು ಗಂಟೆಗೆ ಒಂಬತ್ತು ಕಿಲೋಮೀಟರ್ ಹೋದರೂ ಹೋಗಲು ಮುಕ್ಕಾಲು ಗಂಟೆಗೆ ಮೇಲೆ ಬೇಕು, ಬರಲು ಅಷ್ಟೇ. ಒಂದು ಗಂಟೆಯ ವಿಹಾರದಲ್ಲಿ ಅಳಿವೆಯನ್ನು ಮುಟ್ಟಿ ಬರುವುದಾಗದು, ಹಾಯಿ ಬಿಚ್ಚಲು ಎಡೆಯೂ ಇರದು. ಮೂರು ಗಂಟೆಗಿಂತ ಕಡಿಮೆಯದನ್ನು ಒಪ್ಪಿಕೊಳ್ಳಬೇಡಿ ಎನ್ನುತ್ತೇನೆ.

ಪಣಜಿಯ ಸಾಂತಾ ಮೋನಿಕಾ ಜೆಟ್ಟಿಯಿಂದ ಹೊರಡುವ ದೊಡ್ಡ ವಿಹಾರ ದೋಣಿಗಳು ಬೇರೆ ಬಗೆಯವು. ಅವುಗಳಲ್ಲಿ ಹಾಯಿ ಇರುವುದಿಲ್ಲ. ಜಾನಪದ ಕುಣಿತ, ಗಟ್ಟಿ ಹಾಡು, ಮಾಂಡವಿಯ ಮೇಲಿನ ಅಟಲ್ ಸೇತುವೆಯ ಬೆಳಕು ಇರುತ್ತವೆ, ಮಕ್ಕಳಿಗೆ ಸಂತೋಷವಾಗುತ್ತದೆ, ದರವೂ ಕಡಿಮೆ. ಇವೆರಡರ ನಡುವೆ ಇನ್ನೊಂದು ಜಾತಿಯಿದೆ. ಹೊರಗೆ ಹಳೆಯ ಹಡಗಿನ ವೇಷ, ಒಳಗೆ ಬರಿಯ ಎಂಜಿನ್. ಇದನ್ನು ಗುರುತಿಸುವುದು ಕಷ್ಟವಲ್ಲ. ಹಾಯಿ ಬಿಚ್ಚಿ ಸಾಗುತ್ತಿರುವ ಚಿತ್ರವನ್ನು ಕಳುಹಿಸಿ ಎಂದು ಕೇಳಿ. ಕಟ್ಟಿಟ್ಟ ಹಾಯಿಯ ಚಿತ್ರಗಳನ್ನು ಮಾತ್ರ ಕಳುಹಿಸಿದರೆ, ಅಥವಾ ಹಾಯಿಯ ಬಟ್ಟೆಯ ಮೇಲೆ ದೀಪದ ಸರಗಳನ್ನು ಹೊಲಿದಿದ್ದರೆ, ಅದು ಗಾಳಿ ಕಂಡ ಹಾಯಿಯಲ್ಲ.

ಗೋವಾದಲ್ಲಿ ನಿಜವಾದ ಹಾಯಿಹಡಗು ಕಟ್ಟುವ ಕಸುಬು ಸತ್ತಿಲ್ಲ ಎಂಬುದನ್ನು ಮಕ್ಕಳಿಗೆ ಹೇಳಿ. ಮೂರು ಕೂವೆಮರಗಳ ‘ತರಂಗಿಣಿ’ ವಾಸ್ಕೋದ ಗೋವಾ ಶಿಪ್‌ಯಾರ್ಡಿನಲ್ಲಿ ನಿರ್ಮಾಣವಾಗಿ 1997ರಲ್ಲಿ ನೌಕಾಪಡೆಗೆ ಸೇರಿತು. ನೌಕಾಪಡೆಯ ಅಧಿಕಾರಿ ದಿಲೀಪ್ ದೋಂಡೆ ಅವರು 2009-10ರಲ್ಲಿ ಒಬ್ಬರೇ ಭೂಮಿಯನ್ನು ಸುತ್ತಿಬಂದ ‘ಮಹದೇಯಿ’ ಹುಟ್ಟಿದ್ದು ಇದೇ ಮಾಂಡವಿಯ ನಡುಗಡ್ಡೆಯಾದ ದಿವಾಡಿಯಲ್ಲಿ. ಆರು ಮಂದಿ ಮಹಿಳಾ ಅಧಿಕಾರಿಗಳು 2017-18ರಲ್ಲಿ ಲೋಕ ಸುತ್ತಿದ ‘ತಾರಿಣಿ’ಯೂ ಗೋವಾದ್ದೇ. ನನಗೆ ಇವೆಲ್ಲಕ್ಕಿಂತ ಹೆಚ್ಚು ಪ್ರಿಯವಾದದ್ದು ‘ಕೌಂಡಿನ್ಯ’. ಅಜಂತಾದ ಭಿತ್ತಿಚಿತ್ರದಲ್ಲಿ ಕಾಣುವ 5ನೆಯ ಶತಮಾನದ ಹಡಗನ್ನು ಮಾದರಿಯಾಗಿಟ್ಟುಕೊಂಡು, ಹಲಗೆಗಳನ್ನು ತೆಂಗಿನ ನಾರಿನ ಹುರಿಯಿಂದ ಹೊಲಿದು, ಕೇರಳದ ಬಡಗಿಗಳು ಗೋವಾದಲ್ಲಿ ಕಟ್ಟಿದ ಈ ಹಡಗು 2025ರ ಮೇ 21ರಂದು ನಮ್ಮ ಕಾರವಾರದಲ್ಲಿ ನೌಕಾಪಡೆಗೆ ಸೇರಿತು, ಅದೇ ವರ್ಷದ ಡಿಸೆಂಬರ್ 29ರಂದು ಪೋರಬಂದರಿನಿಂದ ಮಸ್ಕತ್ತಿನತ್ತ ಹೊರಟಿತು. ಅದರ ಹಾಯಿಯ ಮೇಲೆ ಗಂಡಭೇರುಂಡವಿದೆ. ಈ ಯಾವ ಹಡಗಿನಲ್ಲಿಯೂ ಪ್ರವಾಸಿಗರಿಗೆ ಊಟ ಬಡಿಸುವುದಿಲ್ಲ. ಆದರೆ ಇವುಗಳ ಚಿತ್ರಗಳನ್ನು ಮೊದಲೇ ನೋಡಿ ಬಂದ ಮಕ್ಕಳು ತಮ್ಮ ಹಡಗಿನ ಹಗ್ಗ ಯಾವುದನ್ನು ಎಳೆಯುತ್ತದೆ, ಚುಕ್ಕಾಣಿ ಯಾವ ಕಡೆ ತಿರುಗಿತು ಎಂದು ಹಡಗಿನ ಕೆಲಸದ ಖಲಾಸಿಗಳನ್ನು ಕೇಳಲು ತೊಡಗುತ್ತಾರೆ. ಒಳ್ಳೆಯ ಖಲಾಸಿಗಳು ಆ ಪ್ರಶ್ನೆಗಳಿಗಾಗಿಯೇ ಕಾದಿರುತ್ತಾರೆ.

ದಾರಿಯಲ್ಲಿ ಎಡಗಡೆಗೆ ಆದಿಲ್‌ಶಾಹಿ ಅರಮನೆ ಕಾಣುತ್ತದೆ, ವಿಜಯಪುರದ ಯೂಸುಫ್ ಆದಿಲ್‌ಶಾಹನ ಕಾಲದ್ದು. ಎದುರು ದಡದಲ್ಲಿ 1551ರಲ್ಲಿ ಪೋರ್ಚುಗೀಸರು ಕಟ್ಟಿದ ರೀಸ್ ಮಾಗೋಸ್ ಕೋಟೆ, ಕೊನೆಗೆ ಕಡಲಿನ ತುದಿಯಲ್ಲಿ 1612ರ ಅಗುವಾದ ಕೋಟೆ. ಲಿಸ್ಬನ್ನಿನಿಂದ ತಿಂಗಳುಗಟ್ಟಲೆ ಕಡಲಲ್ಲಿದ್ದು ಬಂದ ಹಾಯಿಹಡಗುಗಳು ಸಿಹಿನೀರು ತುಂಬಿಸಿಕೊಳ್ಳುತ್ತಿದ್ದುದು ಅಲ್ಲಿಯೇ. ಹಡಗಿನ ಮೇಲೆ ಕುಳಿತು, ಬಾಯಾರಿದ ಮಂದಿಗೆ ಆ ಗುಡ್ಡ ಹೇಗೆ ಕಂಡಿರಬಹುದೆಂದು ಊಹಿಸುವುದು ಸುಲಭ, ರಸ್ತೆಯಿಂದ ಕೋಟೆ ನೋಡುವವರಿಗೆ ಆ ಅರ್ಥ ಹೊಳೆಯುವುದು ಕಡಿಮೆ.

ತಂದೆ-ತಾಯಿಯ ವಿಷಯದಲ್ಲಿ ನಿಮಗೆ ಹೆಚ್ಚು ಯೋಚನೆ ಬೇಕಾದದ್ದು ಹತ್ತುವ ಮತ್ತು ಇಳಿಯುವ ಹೊತ್ತಿನಲ್ಲಿ. ಉಬ್ಬರ-ಇಳಿತಗಳ ನಡುವೆ ಇಲ್ಲಿ ನೀರಿನ ಮಟ್ಟ ಎರಡು ಮೀಟರಿನಷ್ಟು ಏರಿಳಿಯುವ ದಿನಗಳಿವೆ. ಹತ್ತುವಾಗ ಸಮತಟ್ಟಾಗಿದ್ದ ಹಲಗೆ ಇಳಿಯುವಾಗ ಕಡಿದಾದ ಏರಾಗಿರಬಹುದು. ನೀರಿನೊಂದಿಗೆ ತಾನೂ ಏರಿಳಿಯುವ ತೇಲುವ ಜೆಟ್ಟಿಯಿಂದ ಹತ್ತಿಸುತ್ತಾರೆಯೇ ಎಂದು ಕೇಳಿ. ಇಲ್ಲವೆಂದರೆ, ಮೊಣಕಾಲು ನೋವಿರುವವರಿಗೆ ಆ ಹಡಗು ಬೇಡ. ಶೌಚಾಲಯಕ್ಕೆ ಹೋಗಲು ಏಣಿ ಇಳಿಯಬೇಕೇ ಎಂದೂ ಕೇಳಿ, ಮರದ ಹಡಗುಗಳಲ್ಲಿ ಅದು ಸಾಮಾನ್ಯ. ಅಲುಗಾಟ ಅತಿ ಕಡಿಮೆ ಇರುವುದು ಹಡಗಿನ ನಡುಮಧ್ಯದಲ್ಲಿ, ಕೂವೆಮರದ ಬುಡದ ಹತ್ತಿರ. ಅವರನ್ನು ಅಲ್ಲಿಯೇ ಕೂರಿಸಿ, ದಿಗಂತವನ್ನು ನೋಡುತ್ತಿರಲು ಹೇಳಿ. ಹಡಗು ಹೊರಳುವಾಗ ಹಾಯಿಯ ಅಡ್ಡಮರ ಒಂದು ಪಕ್ಕದಿಂದ ಇನ್ನೊಂದು ಪಕ್ಕಕ್ಕೆ ಬೀಸಿಬರುತ್ತದೆ. ತಾಂಡೇಲರು ತಲೆ ಬಗ್ಗಿಸಿ ಎಂದಾಗ ಮಕ್ಕಳು ಆ ಕ್ಷಣವೇ ಬಗ್ಗಬೇಕು.

ಉಬ್ಬರ-ಇಳಿತದ ಪಟ್ಟಿಯನ್ನು ಇನ್ನೊಂದು ಕಾರಣಕ್ಕೂ ನೋಡಬೇಕು. ನದಿಯ ನೀರು ಇಳಿತದಲ್ಲಿ ಹೊರಕ್ಕೆ ಹರಿಯುತ್ತಿರುವಾಗ ಗಾಳಿ ಒಳಕ್ಕೆ ಬೀಸುತ್ತಿದ್ದರೆ, ಎರಡೂ ಮುಖಾಮುಖಿಯಾಗಿ ಅಳಿವೆಯ ಮರಳುದಿಬ್ಬದ ಮೇಲೆ ಗಿಡ್ಡ, ಕಡಿದಾದ ಅಲೆಗಳು ಏಳುತ್ತವೆ. ಹೊಟ್ಟೆ ತೊಳಸುವುದು ಆ ಅಲೆಗಳಿಗೆ. ನೀರು ಒಳಬರುವ ಉಬ್ಬರದ ಸಂಜೆಯಲ್ಲಿ ಅದೇ ಜಾಗ ಬಹಳ ಸೌಮ್ಯವಾಗಿರುತ್ತದೆ. ನಿಮಗೆ ಎರಡು ಮೂರು ಸಂಜೆಗಳ ಆಯ್ಕೆಯಿದ್ದರೆ ಉಬ್ಬರದ ಸಂಜೆಯನ್ನೇ ಆರಿಸಿ. ಪ್ರಯಾಣದಲ್ಲಿ ವಾಂತಿಯಾಗುವವರಿದ್ದರೆ ವೈದ್ಯರನ್ನು ಕೇಳಿ ಮಾತ್ರೆಯನ್ನು ಹತ್ತುವ ಮೊದಲೇ ಕೊಡಬೇಕು, ಹಡಗು ಅಲುಗಿದ ಮೇಲೆ ಕೊಟ್ಟರೆ ಪ್ರಯೋಜನ ಕಡಿಮೆ.

ಜೀವರಕ್ಷಕ ಜಾಕೆಟ್ಟಿನ ವಿಷಯದಲ್ಲಿ ಸಂಕೋಚ ಬೇಡ. 2024ರ ಡಿಸೆಂಬರ್ 18ರಂದು ಮುಂಬೈಯಲ್ಲಿ ಎಲಿಫೆಂಟಾಕ್ಕೆ ಹೊರಟಿದ್ದ ದೋಣಿಗೆ ನೌಕಾಪಡೆಯ ವೇಗದ ದೋಣಿ ಡಿಕ್ಕಿಯಾಗಿ ಹದಿಮೂರಕ್ಕೂ ಹೆಚ್ಚು ಜನ ತೀರಿಕೊಂಡರು. ಅದಾಗಿ ಒಂದೇ ವಾರಕ್ಕೆ ಗೋವಾದ ಕಲಂಗುಟ್ ಕಡಲತೀರದ ಬಳಿ ಪ್ರವಾಸಿ ದೋಣಿಯೊಂದು ಮಗುಚಿ ಒಬ್ಬರ ಪ್ರಾಣ ಹೋಯಿತು. ಮಕ್ಕಳ ಅಳತೆಯ ಜಾಕೆಟ್ ಇದೆಯೇ ಎಂದು ಮುಂಗಡ ಕೊಡುವ ಮೊದಲೇ ಕೇಳಿ, ಹತ್ತಿದೊಡನೆ ಎಲ್ಲರೂ ತೊಟ್ಟು ಕುಳಿತುಕೊಳ್ಳಿ. ಊಟದ ಹೊತ್ತಿಗೆ ಅದನ್ನು ತೆಗೆದಿಡಿ ಎಂದು ಹಡಗಿನವರೇ ಹೇಳಿದರೂ ಮಕ್ಕಳ ಮೈಮೇಲಿಂದ ತೆಗೆಯಬೇಡಿ.

ಊಟದ ಬಗ್ಗೆ ಹೆಚ್ಚು ನಿರೀಕ್ಷೆ ಇಟ್ಟುಕೊಳ್ಳದಿರುವುದು ಒಳ್ಳೆಯದು. ಮರದ ಹಡಗಿನಲ್ಲಿ ಬೆಂಕಿ ಎಲ್ಲಕ್ಕಿಂತ ದೊಡ್ಡ ಭಯವಾದ್ದರಿಂದ ಅಡುಗೆಯನ್ನು ದಡದಲ್ಲಿಯೇ ಮಾಡಿ ಬಿಸಿಯಾಗಿಟ್ಟು ತರುತ್ತಾರೆ. ಹೀಗಾಗಿ ಅನ್ನ, ಮೀನಿನ ಸಾರು, ಅಲಸಂದೆಯ ಗಸಿಯಂಥವು ಚೆನ್ನಾಗಿರುತ್ತವೆ, ಕರಿದದ್ದು ಮೆತ್ತಗಾಗಿರುತ್ತದೆ. ನಿಮ್ಮ ಮನೆಯವರು ಶಾಕಾಹಾರಿಗಳಾಗಿದ್ದರೆ ಒಂದು ದಿನ ಮೊದಲೇ ತಿಳಿಸಿ, ಬೇರೆ ಪಾತ್ರೆ, ಬೇರೆ ಸೌಟು ಎಂದು ಬಿಡಿಸಿ ಹೇಳಿ. ಇಲ್ಲಿ ಮೀನಿಲ್ಲದ ಊಟವೆಂದರೆ ಸಾರಿನಿಂದ ಮೀನು ತೆಗೆದ ಊಟವೆಂದು ತಿಳಿಯುವವರೂ ಇದ್ದಾರೆ. ಕೊನೆಯಲ್ಲಿ ಸೋಲಕಡಿ, ಅಂದರೆ ಕೋಕಂ ಮತ್ತು ತೆಂಗಿನ ಹಾಲಿನ ಪಾನೀಯ, ಕೊಟ್ಟರೆ ಬಿಡಬೇಡಿ, ಹೊಟ್ಟೆಗೆ ಹಿತ.

ಒಂದು ಸಂಗತಿ ಮುಂದಿನ ಬಾರಿಗೆ ನೆನಪಿರಲಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅಳಿವೆಯಲ್ಲಿ ಅಲೆ ಒಡೆಯುತ್ತಿರುತ್ತದೆ, ಆಗ ಯಾರು ಎಷ್ಟೇ ಕಡಿಮೆ ದರ ಹೇಳಿದರೂ ಹಾಯಿಯ ಮಾತು ಬೇಡ. ಡಿಸೆಂಬರ್‌ನಲ್ಲಿಯೂ ಗಾಳಿಯೇ ಇಲ್ಲದ ಸಂಜೆಗಳಿರುತ್ತವೆ. ಅಂಥ ದಿನ ಹಾಯಿ ಏರದಿದ್ದರೆ ಹಣದಲ್ಲಿ ಏನಾದರೂ ಕಡಿತವಿದೆಯೇ, ಬೇರೊಂದು ದಿನಕ್ಕೆ ಬದಲಿಸುತ್ತಾರೆಯೇ ಎಂಬುದನ್ನು ಬರಹದಲ್ಲಿ ಪಡೆಯಿರಿ.

ನಾಲ್ಕು ಗಂಟೆಗೆ ಹೊರಡುವ, ಮೂರು ಗಂಟೆ ಕಡಲಲ್ಲಿರುವ, ತೇಲುವ ಜೆಟ್ಟಿಯಿಂದ ಹತ್ತಿಸುವ ಹಡಗು ಆ ವಾರದಲ್ಲಿ ಸಿಗದಿದ್ದರೆ, ನಾನಾದರೆ ಹಾಯಿಯನ್ನೂ ಊಟವನ್ನೂ ಬೇರೆ ಮಾಡುತ್ತೇನೆ. ಆರೇಳು ಜನ ಹಿಡಿಸುವ ಸಣ್ಣ ಹಾಯಿದೋಣಿಗಳು ಮಧ್ಯಾಹ್ನದ ಮೇಲೆ ಬಾಡಿಗೆಗೆ ಸಿಗುತ್ತವೆ. ನೀವು ಮಕ್ಕಳನ್ನು ಕರೆದುಕೊಂಡು ಅದರಲ್ಲಿ ಅಳಿವೆಗೆ ಹೋಗಿ ಬನ್ನಿ. ಅಷ್ಟು ಹೊತ್ತು ತಂದೆ-ತಾಯಿ ಪಣಜಿಯ ಅಳಿವೆಯ ಬದಿಯ ಮೀರಾಮಾರ್ ದಂಡೆಯಲ್ಲಿ ಮರದ ನೆರಳಿನಲ್ಲಿ ಕುಳಿತು ನೀವು ಸಾಗುವುದನ್ನು ನೋಡಬಹುದು, ದೋಣಿಗಳು ಅಲ್ಲಿಂದ ಸ್ಪಷ್ಟವಾಗಿ ಕಾಣುತ್ತವೆ. ರಾತ್ರಿ ಎಲ್ಲರೂ ಸೇರಿ ಪಣಜಿಯ ನದೀತೀರದ ಯಾವುದಾದರೂ ಹೋಟೆಲಿನಲ್ಲಿ ಬಿಸಿ ಊಟ ಮಾಡಿ. ವಯಸ್ಸಾದವರಿರುವ ಮನೆಗೆ ಎಷ್ಟೋ ಸಲ ನಾನು ಮೊದಲು ಸೂಚಿಸುವುದೇ ಈ ಏರ್ಪಾಡನ್ನು.