ರಿಪೋರ್ಟಿನಾಗ ‘ಸಿಟ್ರಿ’ ಅಂತ ಬಂದೈತಿ, ಲಿಂಬಿ ಗಿಡ ಕಡೀಬೇಕೇನ್ರಿ?

ಪ್ರಶ್ನೆ: ಸರ, ನಮ್ಮದು ಕೊಪ್ಪಳ ಜಿಲ್ಲಾ ಕುಷ್ಟಗಿ ತಾಲ್ಲೂಕು, ಎರಡು ಎಕರೆ ದಾಳಿಂಬ್ರಿ ಐತಿ. ಹೋದ ಮಳಿಗಾಲದಾಗ ಕಾಯಿ ಮ್ಯಾಲೆ ಕಪ್ಪು ಚುಕ್ಕಿ ಬಿದ್ದು ಸೀಳಿಬಿಟ್ವು. ಅಂಗಡಿಯವ್ರು ಫಂಗಸ್ ಅಂತ ಕಾರ್ಬೆಂಡಾಜಿಮ್ ಕೊಟ್ರು, ಮೂರು ಸರ್ತಿ ಹೊಡೆದ್ರೂ ನಿಲ್ಲಲಿಲ್ಲ. ಲ್ಯಾಬಿಗೆ ಕೊಟ್ರ ‘ಝಾಂಥೊಮೋನಾಸ್ ಸಿಟ್ರಿ ಪೇಥೊವಾರ್ ಪ್ಯುನಿಕೆ’ ಅಂತ ಬಂತು. ನಮ್ಮ ಮಾವನ ತೋಟದ ಹಳೇ ರಿಪೋರ್ಟಿನಾಗ ‘ಆಕ್ಸೊನೊಪೊಡಿಸ್’ ಅಂತಿತ್ತು. ಇದು ಹೊಸಾ ರೋಗೇನ್ರಿ? ಸಿಟ್ರಿ ಅಂದ್ರ ಲಿಂಬಿ ಅಂತಾರ, ಬದುವಿನ ಮ್ಯಾಲೆ ಹನ್ನೆರಡು ಲಿಂಬಿ ಗಿಡ ಅದಾವ, ತಮ್ಮ ಕೊಡ್ಲಿ ಹಿಡಕೊಂಡು ನಿಂತಾನ.

ಉತ್ತರ: ಅಣ್ಣಾರ, ಮೊದ್ಲು ತಮ್ಮನ ಕೈಯಾಗಿನ ಕೊಡ್ಲಿ ಕೆಳಗ ಇಡಸ್ರಿ. ಲಿಂಬಿದು ಏನೂ ತಪ್ಪಿಲ್ಲ. ನಿಮ್ಮ ಮಾವನ ತೋಟಕ್ಕ ಬಂದದ್ದೂ ನಿಮಗ ಬಂದದ್ದೂ ಒಂದ ರೋಗ, ದುಂಡಾಣು (ಅಂದ್ರ ಬ್ಯಾಕ್ಟೀರಿಯಾ) ಅಂಗಮಾರಿ, ಮಹಾರಾಷ್ಟ್ರದ ಕಡೆ ತೇಲ್ಯಾ ಅಂತಾರಲ್ಲ ಅದು. ಬದಲಾಗಿದ್ದು ಹೆಸರು ಅಷ್ಟ.

1952ರಾಗ ದಿಲ್ಲಿ ಕಡೆ ದಾಳಿಂಬ್ರಿ ಮ್ಯಾಲೆ ಇದನ್ನ ಗುರುತಿಸಿದ್ರು, 1959ರಾಗ ಝಾಂಥೊಮೋನಾಸ್ ಪ್ಯುನಿಕೆ ಅಂತ ಹೆಸರಿಟ್ರು. ಆಗೆಲ್ಲಾ ಹೊಸಾ ಬೆಳಿ ಮ್ಯಾಲೆ ಕಂಡ್ರ ಅದು ಹೊಸಾ ಜಾತಿ ಅಂತ ಬರಕೊಳ್ಳೂದು, ಹಂಗ ಬರೀತಾ ಬರೀತಾ ನೂರರ ಮ್ಯಾಲೆ ಹೆಸರಾದ್ವು, ಆದ್ರ ಲ್ಯಾಬಿನ ಪೆಟ್ರಿ ತಟ್ಟಿಯೊಳಗ ಬೆಳೆಸಿ ನೋಡಿದ್ರ ಒಂದಕ್ಕೂ ಇನ್ನೊಂದಕ್ಕೂ ಫರಕೇ ಗೊತ್ತಾಗ್ತಿರಲಿಲ್ಲ. 1980ರ ಹೊತ್ತಿಗೆ ಬಹಳಷ್ಟನ್ನ ಕ್ಯಾಂಪೆಸ್ಟ್ರಿಸ್ ಅನ್ನೂ ಒಂದ ಜಾತಿಯೊಳಗ ಸೇರಿಸಿ, ಯಾವ ಬೆಳಿಗೆ ಬರ್ತೈತಿ ಅನ್ನೂದನ್ನ ಪೇಥೊವಾರ್ ಅಂತ ಹಿಂದ ಹಚ್ಚಿದ್ರು. 1995ರಾಗ ಡಿಎನ್‌ಎ ಹೋಲಿಸಿ ನೋಡಿ ಆಕ್ಸೊನೊಪೊಡಿಸ್‌ಗೆ ಹಾಕಿದ್ರು, ಆಮ್ಯಾಲೆ ಪೂರಾ ಜೀನೋಮ್, ಅಂದ್ರ ಅದರ ಡಿಎನ್‌ಎ ಎಲ್ಲಾ, ಓದಿದ ಮ್ಯಾಲೆ ಸಿಟ್ರಿಗೆ ಬಂತು. ಇಷ್ಟೆಲ್ಲಾ ಆದ್ರೂ ಕೊನೀ ಪದ ಪ್ಯುನಿಕೆ ಅಲ್ಲಾಡಿಲ್ಲ ನೋಡ್ರಿ. ಪ್ಯುನಿಕಾ ಅಂದ್ರ ದಾಳಿಂಬ್ರಿ ಗಿಡದ್ದೇ ಲ್ಯಾಟಿನ್ ಹೆಸರು. ನೀವು ಓದಬೇಕಾದ್ದು ಆ ಪದ. ಲಿಂಬಿಗೆ ಕಜ್ಜಿ ತರೂದು ಪೇಥೊವಾರ್ ಸಿಟ್ರಿ, ಇದರ ಅಣ್ಣತಮ್ಮ ಹೌದು, ಆದ್ರ ಅದರ ಬೆಳಿ ಬ್ಯಾರೆ ಇದರ ಬೆಳಿ ಬ್ಯಾರೆ.

ನನಗ ಹೊಟ್ಟಿ ಉರಿಯೂದು ಆ ಮೂರು ಸ್ಪ್ರೇ ಬಗ್ಗೆ. ಕಾರ್ಬೆಂಡಾಜಿಮ್ ಕೆಲಸ ಮಾಡೂದು ಫಂಗಸ್ ಮ್ಯಾಲೆ, ಬ್ಯಾಕ್ಟೀರಿಯಾಕ್ಕ ಅದು ನೀರು ಹೊಡೆದಂಗ. ರೊಕ್ಕ ಹೋತು, ಅದಕ್ಕಿಂತ ಹೆಚ್ಚಾಗಿ ಮಳಿಗಾಲದಾಗ ಮೂರು ಸ್ಪ್ರೇ ಮಾಡೂವಷ್ಟು ದಿನ ಹೋದ್ವು. ಮುಂದಿನ ಸರ್ತಿ ಚುಕ್ಕಿ ಕಂಡ ದಿನಾನ ಎಲಿ ಹರಿದು ಬಿಸಿಲಿಗೆ ಎತ್ತಿ ಹಿಡೀರಿ, ದುಂಡಾಣು ಚುಕ್ಕಿ ಎಳೇದಿದ್ದಾಗ ನೀರು ಹೀರಿದಂಗ ಬೆಳಕಿಗೆ ಪಾರದರ್ಶಕ ಕಾಣ್ತೈತಿ, ಎಣ್ಣಿ ಬಿದ್ದ ಕಾಗದ ಇರ್ತೈತಲ್ಲ ಹಂಗ. ಕಾಯಿ ಮ್ಯಾಲಿಂದು ಇಂಗ್ಲಿಷಿನ ವೈ ಇಲ್ಲಾ ಎಲ್ ಆಕಾರಕ್ಕ ಸೀಳ್ತೈತಿ. ಆದ್ರ ಕಣ್ಣು ಮೋಸ ಹೋಗ್ತೈತಿ, ಅದಕ್ಕ ಲ್ಯಾಬಿನಾಗ ಚುಕ್ಕಿ ಅಂಚಿನ ಸಣ್ಣ ತುಂಡು ಕೊಯ್ದು ಗಾಜಿನ ಮ್ಯಾಲೆ ಒಂದು ಹನಿ ನೀರಾಗ ಇಟ್ಟು ಮೈಕ್ರೋಸ್ಕೋಪಿನಾಗ ನೋಡ್ತಾರ. ಕೊಯ್ದ ಅಂಚಿನಿಂದ ಹೊಗಿ ಎದ್ದಂಗ ಬ್ಯಾಕ್ಟೀರಿಯಾ ಹೊರಗ ಬರ್ತಾವ, ಅದನ್ನ ಒಮ್ಮೆ ನೋಡಿದ್ರ ಮರೆಯಂಗಿಲ್ಲ. ಗಂಗಾವತಿ, ಸಿಂಧನೂರು ಕಡೆ ಭತ್ತದ ದುಂಡಾಣು ಅಂಗಮಾರಿಗೆ ಮೈಕ್ರೋಸ್ಕೋಪೂ ಬೇಕಾಗಿಲ್ಲ, ಎಲಿ ತುಂಡು ಗ್ಲಾಸಿನ ತಿಳಿನೀರಾಗ ಇಳಿಬಿಟ್ರ ಸ್ವಲ್ಪ ಹೊತ್ತಿಗೆ ಹಾಲಿನಂಥ ಎಳಿ ಇಳೀತೈತಿ.

ಯಾವ ಬ್ಯಾಕ್ಟೀರಿಯಾ ಅನ್ನೂದಕ್ಕ ಅಗರ್ (ಬ್ಯಾಕ್ಟೀರಿಯಾ ಬೆಳೆಸೂ ಜೆಲ್ಲಿ) ಮ್ಯಾಲೆ ಬೆಳೆಸಬೇಕು. ಎರಡ್ಮೂರು ದಿನಕ್ಕ ಹಳದಿ, ಹೊಳಿಯೂ, ಲೋಳಿಲೋಳಿ ಗುಂಡು ಕಾಲೊನಿ (ಬ್ಯಾಕ್ಟೀರಿಯಾದ ಗುಂಪು) ಬರ್ತಾವ, ಝಾಂಥೋಸ್ ಅಂದ್ರ ಗ್ರೀಕಿನಾಗ ಹಳದಿ ಅಂತನ ಅರ್ಥ. ಅದರಾಗಿಂದು ಚೂರು ತಗೊಂಡು 3% ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಹನಿಯೊಳಗ ಕಲಸಿ ಕಡ್ಡಿ ಮ್ಯಾಲೆತ್ತಿದ್ರ ಪಾಕದ ಎಳಿ ಬಂದಂಗ ಬರ್ತೈತಿ, ಅಂದ್ರ ಗ್ರಾಂ ನೆಗೆಟಿವ್ (ತೆಳು ಗೋಡಿ ಇರೂ ಬ್ಯಾಕ್ಟೀರಿಯಾ ಗುಂಪು), ಅದರ ಗೋಡಿ ಒಡೆದು ಒಳಗಿನ ಡಿಎನ್‌ಎ ಎಳಿಯಾಗಿ ಬರೂದು. ಪ್ಯುನಿಕೆ ಅಂತ ಖಾತ್ರಿ ಮಾಡೂದಕ್ಕ ಡಿಎನ್‌ಎ ಟೆಸ್ಟ್ ಬೇಕು, ಇಲ್ಲಾ ದಾಳಿಂಬ್ರಿ ಸಸಿಗೆ ಹಚ್ಚಿ ರೋಗ ಬರ್ತೈತೇನು ನೋಡಬೇಕು. ಈಗ ಚಾಟ್ನಿ ಕತ್ತರಿ ಗಿಡದಿಂದ ಗಿಡಕ್ಕ ತೊಳೆದು ಹಚ್ರಿ, ಉದುರಿದ ಎಲಿ ಕಾಯಿ ಆರಿಸಿ ಸುಡ್ರಿ, ರೋಗ ಇದ್ದ ತೋಟದ ಸಸಿ ಮಾತ್ರ ತರಬ್ಯಾಡ್ರಿ.

ಪ್ರಶ್ನೆ: ಅತ್ತಿಯವರಿಗೆ ಉರಿಮೂತ್ರ. ರಾಯಚೂರಿನಾಗ ಯೂರಿನ್ ಕಲ್ಚರ್ ಕೊಟ್ರ ಮೂರು ದಿನ ಬಿಟ್ಟು ಬರ್ರಿ ಅಂದ್ರು. ಶುಗರ್ ಟೆಸ್ಟ್ ತಾಸಿನಾಗ ಬರ್ತೈತಿ, ಇದಕ್ಯಾಕ ಇಷ್ಟು ದಿನ ಮೇಡಂ/ಸರ?

ಉತ್ತರ: ಬೆಳೆಸಬೇಕಲ್ಲವ್ವಾ, ಅದಕ್ಕ. ಮೊದಲನೇ ರಾತ್ರಿ 37 ಡಿಗ್ರಿಯಾಗ ಇಟ್ಟು ಕಾಲೊನಿ ಬರಿಸ್ತಾರ. ಮ್ಯಾಕ್‌ಕಾಂಕಿ ಅಗರ್ ಮ್ಯಾಲೆ ಇ.ಕೋಲಿ ಗುಲಾಬಿ ಬಣ್ಣ ಬರ್ತೈತಿ, ಯಾಕಂದ್ರ ಅದು ಲ್ಯಾಕ್ಟೋಸ್ ತಿಂತೈತಿ. ಆಮ್ಯಾಲೆ ಗುರುತಿನ ಟೆಸ್ಟ್, ಎರಡನೇ ರಾತ್ರಿ ಆಂಟಿಬಯೋಟಿಕ್ ಬಿಲ್ಲೆ ಇಟ್ಟು ಯಾವುದರ ಸುತ್ತ ಬೆಳೆಯಂಗಿಲ್ಲ ಅಂತ ಮಿಲಿಮೀಟರಿನಾಗ ಅಳೀತಾರ. ಡಾಕ್ಟರು ಅದಕ್ಕೂ ಮೊದ್ಲ ಗುಳಗಿ ಶುರು ಮಾಡಬಹುದು, ರಿಪೋರ್ಟ್ ಬಂದ ಮ್ಯಾಲೆ ಬದಲಿಸಬಹುದು. ಸ್ಯಾಂಪಲ್ ಮಾತ್ರ ಗುಳಗಿ ನುಂಗೂಕಿಂತ ಮೊದ್ಲ ಕೊಡ್ರಿ, ಮೊದಲಿನ ಧಾರಿ ಬಿಟ್ಟು ನಡುವಿಂದು ಹಿಡೀರಿ, ಲ್ಯಾಬಿನವ್ರು ಕೊಟ್ಟ ಡಬ್ಬಿಯೊಳಗೇ, ಎರಡು ತಾಸಿನೊಳಗ ಮುಟ್ಟಸ್ರಿ.