ಓದುಗರ ಪ್ರಶ್ನೆ: ಸೀರಿಯಲ್‌ಗೆ ಸಂಗೀತ ಮಾಡಿದರೆ ಸಿನಿಮಾ ಕೈತಪ್ಪುತ್ತಾ?

ಪ್ರಶ್ನೆ: ನನ್ನ ಮಗ ಚಿಕ್ಕಂದಿನಿಂದ ಪಿಟೀಲು ಕಲಿತವನು. ಸಂಗೀತ ನಿರ್ದೇಶಕ ಆಗಬೇಕು ಅಂತ ಆಸೆ. ಈಗ ಒಂದು ಧಾರಾವಾಹಿಯಿಂದ ಕರೆ ಬಂದಿದೆ. ಸೀರಿಯಲ್‌ಗೆ ಹೋದರೆ ಸಿನಿಮಾದವರು ಮುಟ್ಟುವುದಿಲ್ಲ ಅಂತ ಸ್ನೇಹಿತರು ಹೆದರಿಸಿದ್ದಾರೆ. ಏನು ಹೇಳಲಿ?
— ಒಬ್ಬ ತಾಯಿ, ತೀರ್ಥಹಳ್ಳಿ

ಉತ್ತರ: ಖಂಡಿತ ಒಪ್ಪಿಕೊಳ್ಳಲಿ ತಾಯಿ. ನಿಮ್ಮ ತಾಲ್ಲೂಕಿನ ಆಗುಂಬೆಯಲ್ಲೇ ಶಂಕರ್ ನಾಗ್ ‘ಮಾಲ್ಗುಡಿ ಡೇಸ್’ ಚಿತ್ರೀಕರಿಸಿದ್ದು, ಅಲ್ವಾ? 1986ರಲ್ಲಿ ದೂರದರ್ಶನದಲ್ಲಿ ಬಂದ ಧಾರಾವಾಹಿ. ಆರ್.ಕೆ. ಲಕ್ಷ್ಮಣ್ ಚಿತ್ರಗಳ ಜೊತೆ ‘ತಾನಾನ ತಾನ’ ಎಂದು ಶುರುವಾಗುವ ಆ ರಾಗವನ್ನು ಇಂದಿಗೂ ಜನ ಗುನುಗುತ್ತಾರೆ. ಮಾಡಿದವರು ಎಲ್. ವೈದ್ಯನಾಥನ್. ಅವರೂ ಪಿಟೀಲಿನವರೇ. ಪಿಟೀಲು ವಾದಕರಾದ ಎಲ್. ಸುಬ್ರಮಣ್ಯಂ, ಎಲ್. ಶಂಕರ್ ಇಬ್ಬರೂ ಈ ವೈದ್ಯನಾಥನ್ ಅವರ ತಮ್ಮಂದಿರು. ವೈದ್ಯನಾಥನ್ ಮೊದಲು ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರ ಬಳಿ ಸಹಾಯಕರಾಗಿದ್ದರು. ಆಮೇಲೆ ಸಿ. ಅಶ್ವತ್ಥ್ ಜೊತೆ ಸೇರಿ ‘ಅಶ್ವತ್ಥ್–ವೈದಿ’ ಆದರು. ‘ಆಲೆಮನೆ’ಯ ಹಾಡುಗಳು ಈ ಜೋಡಿಯವೇ.

ಮಾಲ್ಗುಡಿ ಬಂದ ಮರುವರ್ಷವೇ ‘ಪುಷ್ಪಕ ವಿಮಾನ’ ಸಿನಿಮಾ, ಅದಕ್ಕೂ ವೈದ್ಯನಾಥನ್ ಅವರದೇ ಸಂಗೀತ. ಇಡೀ ಚಿತ್ರದಲ್ಲಿ ಒಂದೂ ಮಾತಿಲ್ಲ. ಸಂಗೀತಗಾರನಿಗೆ ಇದಕ್ಕಿಂತ ಕಷ್ಟದ ಕೆಲಸ ಇನ್ನೊಂದಿಲ್ಲ. ಮಾತಿಲ್ಲ ಅಂತ ಎಲ್ಲ ಕಡೆ ವಾದ್ಯ ತುಂಬಿಬಿಟ್ಟರೆ ಚಿತ್ರ ಕೆಟ್ಟಿತು. ನಾಯಕನಿಗೆ ದೊಡ್ಡ ಹೋಟೆಲಿನ ನಿಶ್ಶಬ್ದದಲ್ಲಿ ನಿದ್ದೆ ಬರುವುದಿಲ್ಲ. ತಾನಿದ್ದ ಹಳೇ ಜಾಗದ ಗಲಾಟೆಯನ್ನು ಟೇಪಿನಲ್ಲಿ ತುಂಬಿಕೊಂಡು ಬಂದು, ಅದನ್ನು ಹಾಕಿಕೊಂಡೇ ಮಲಗುತ್ತಾನೆ. ಅಲ್ಲಿ ಕೆಲಸ ಮಾಡುವುದು ಆ ಗಲಾಟೆ. ನಿಮ್ಮ ಮಗ ಈ ಚಿತ್ರವನ್ನು ಒಂದು ಸಲ ಸದ್ದಿಲ್ಲದೆ ನೋಡಲಿ, ಇನ್ನೊಂದು ಸಲ ಕಣ್ಣು ಮುಚ್ಚಿ ಬರೀ ಕೇಳಲಿ. ಎಲ್ಲಿ ನುಡಿಸಬೇಕು, ಎಲ್ಲಿ ಬಿಡಬೇಕು ಎನ್ನುವುದು ಪಾಠ ಹೇಳಿಸಿಕೊಂಡರೆ ಬರುವುದಿಲ್ಲ.

ಸೀರಿಯಲ್‌ಗೆ ರೀ-ರೆಕಾರ್ಡಿಂಗ್, ಅಂದರೆ ಹಿನ್ನೆಲೆ ಸಂಗೀತ, ಮಾಡಿಕೊಂಡೇ ನಾನು ಸಂಸಾರ ನಡೆಸಿದವನು. ದಿನಾ ಬರುವ ಧಾರಾವಾಹಿಯಲ್ಲಿ ಪ್ರತಿ ಕಂತಿಗೂ ಹೊಸದಾಗಿ ಮಾಡಲು ಸಮಯ ಇರುವುದಿಲ್ಲ. ಮೊದಲೇ ದುಃಖಕ್ಕೆ, ಅನುಮಾನಕ್ಕೆ, ಅತ್ತೆಯ ಪ್ರವೇಶಕ್ಕೆ ಅಂತ ಚಿಕ್ಕ ಚಿಕ್ಕ ತುಣುಕು ಮಾಡಿ ಕೊಡುತ್ತೇವೆ. ಬೇಕಾದ ಕಡೆ ಅವನ್ನೇ ಜೋಡಿಸುತ್ತಾರೆ. ನನಗೆ ಬೇಸರ ತರಿಸುವುದು ಇದೊಂದೇ: ಅಳು ಬಂದ ಕಡೆಯಲ್ಲೆಲ್ಲ ಅದೇ ಕೊಳಲು. ಆದರೂ ಬೇಗ ಕೆಲಸ ಮಾಡುವ ಅಭ್ಯಾಸ ಇಲ್ಲಿ ಆಗುವಷ್ಟು ಬೇರೆಲ್ಲೂ ಆಗದು. ಸ್ನೇಹಿತರ ಮಾತು ಸುಮ್ನೆ ಭಯ.

ಹೆದರಬೇಕಾದದ್ದು ಕರಾರಿಗೆ. ಒಂದೇ ಸಲ ದುಡ್ಡು ಕೊಟ್ಟು ‘ಎಲ್ಲ ಹಕ್ಕೂ ನಮ್ಮದು’ ಅಂತ ಬರೆಸಿಕೊಳ್ಳುವವರು ಜಾಸ್ತಿ. 2012ರಲ್ಲಿ ಹಕ್ಕುಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂದ ಮೇಲೆ ಸಂಗೀತ ಮಾಡಿದವರ ರಾಯಧನದ (ರಾಯಲ್ಟಿ) ಹಕ್ಕಿಗೆ ಬಲ ಬಂದಿದೆ. ಮಗ ಸಂಗೀತಗಾರರ, ಗೀತರಚನೆಕಾರರ ರಾಯಧನ ವಸೂಲಿ ಮಾಡಿಕೊಡುವ ಸಂಸ್ಥೆಯಾದ ಐಪಿಆರ್‌ಎಸ್‌ನ ಸದಸ್ಯನಾಗಲಿ, ಸಹಿ ಹಾಕುವ ಮೊದಲು ಪತ್ರವನ್ನು ವಕೀಲರಿಗೆ ತೋರಿಸಲಿ. ಟೈಟಲ್ ಕಾರ್ಡಿನಲ್ಲಿ ತನ್ನ ಹೆಸರು ಬರಬೇಕು ಎನ್ನುವುದನ್ನೂ ಅದರಲ್ಲೇ ಬರೆಸಿಕೊಳ್ಳಲಿ.